ಲೆಕ್ಕ ಒಪ್ಪಿಸುವ ಅಧಿಕಾರ

ಲೋಕದಲ್ಲಿ ಸೂಕ್ತಿಗಳಿಗೆ ಎಂದೂ ಬರವಿರಲಿಲ್ಲ. ಈಗಂತೂ ಬೆಳಗಾಗುವುದೇ ತಡ, ಅಂಗೈಯಗಲದ ಮೊಬೈಲಿನೊಳಗೆ ದೇಶವಿದೇಶಗಳ ನಾಯಕರ ನುಡಿಗಳು ಬಂದು ಬೀಳುತ್ತವೆ. ನಾಯಕನಾದವನು ಹೀಗಿರಬೇಕು, ಅಧಿಕಾರವನ್ನು ಹೀಗೆ ನಡೆಸಬೇಕು ಎಂದು ಅವು ಸಾರುತ್ತವೆ. ಮಕ್ಕಳು ಅವನ್ನು ಭಾಷಣ ಸ್ಪರ್ಧೆಗೆಂದು ಬಾಯಿಪಾಠ ಮಾಡುತ್ತಾರೆ. ಹಿರಿಯರು ಮತ್ತೊಬ್ಬರಿಗೆ ಕಳಿಸಿ ಸಂತೋಷಪಡುತ್ತಾರೆ. ಒಳ್ಳೆಯ ಮಾತನ್ನು ಯಾರು ಆಡಿದರೂ ಕಿವಿಗೊಡಬೇಕಾದುದೇ ಸರಿ. ಆದರೆ ಅಧಿಕಾರವನ್ನು ಕುರಿತ ಮಾತಿಗೆ ಒಂದು ಒರೆಗಲ್ಲು ಬೇಕು. ಆಡಿದವರು ಯಾರು, ಯಾವ ಹೊತ್ತಿನಲ್ಲಿ ಆಡಿದರು, ಆಡಿದ ಮೇಲೆ ಹೇಗೆ ನಡೆದರು ಎಂಬ ಮೂರು ಪ್ರಶ್ನೆಗಳನ್ನು ಕೇಳದೆ ಅಂಥ ಮಾತನ್ನು ನಂಬುವುದು ಒರೆ ಹಚ್ಚದೆ ಚಿನ್ನ ಕೊಂಡಂತೆಯೇ ಸರಿ.

ನಮ್ಮ ಬಸವಕಲ್ಯಾಣ ತಾಲ್ಲೂಕಿನ ಮೋರಖಂಡಿಯನ್ನೇ ನೋಡಿರಿ. ರಾಷ್ಟ್ರಕೂಟರ ತಾಮ್ರಶಾಸನಗಳಲ್ಲಿ ಬರುವ ಮಯೂರಖಂಡಿ ಇದೇ ಊರೆಂದು ಹಲವು ವಿದ್ವಾಂಸರು ಗುರುತಿಸಿದ್ದಾರೆ. ಅದು ನಾಸಿಕ ಪ್ರಾಂತದ ಬೆಟ್ಟವೊಂದೆಂದು ಹೇಳುವವರೂ ಉಂಟು. ಉತ್ತರದಲ್ಲಿಯೂ ದಕ್ಷಿಣದಲ್ಲಿಯೂ ದಂಡೆತ್ತಿ ಹೋಗಿ ಗೆದ್ದ ಮುಮ್ಮಡಿ ಗೋವಿಂದನು ಒಂಬತ್ತನೆಯ ಶತಮಾನದ ಆರಂಭದಲ್ಲಿ ಮಯೂರಖಂಡಿಯ ಬೀಡಿನಿಂದ ದಾನಶಾಸನಗಳನ್ನು ಹೊರಡಿಸಿದನು. ಒಂದು ಕಾಲಕ್ಕೆ ಆಜ್ಞೆ ಹೊರಟ ಊರೆಂದು ಕೀರ್ತಿ ಪಡೆದ ನೆಲದಲ್ಲಿ ಇಂದು ತೊಗರಿ, ಜೋಳ, ಸೋಯಾ ಬೆಳೆಯುತ್ತಿವೆ. ಗೋವಿಂದನ ಮಗ ಅಮೋಘವರ್ಷ ನೃಪತುಂಗನು ಮಾನ್ಯಖೇಟದಿಂದ ಅರುವತ್ತಕ್ಕೂ ಹೆಚ್ಚು ವರ್ಷ ಆಳಿದನು. ಪ್ರಜೆಗಳಿಗೆ ಒದಗಿದ ವಿಪತ್ತು ನೀಗಲೆಂದು ಆತನು ತನ್ನ ಎಡಗೈಯ ಬೆರಳೊಂದನ್ನು ಮಹಾಲಕ್ಷ್ಮಿಗೆ ಅರ್ಪಿಸಿದನೆಂದು 871ರ ಸಂಜಾನ್ ತಾಮ್ರಶಾಸನ ಹೇಳುತ್ತದೆ. ಅರ್ಪಿಸಿದ ರೀತಿಯನ್ನು ನಾವು ಇಂದು ಒಪ್ಪಬೇಕಾಗಿಲ್ಲ. ಆದರೆ ಆಳುವವನು ಪ್ರಜೆಗಳಿಗೆ ಉತ್ತರ ಹೇಳಬೇಕಾದವನು, ಅವರ ಸಂಕಟದ ಋಣ ತನ್ನ ಮೈಮೇಲಿದೆ ಎಂಬ ಭಾವವೊಂದು ಈ ನಾಡಿನ ಶಾಸನದಲ್ಲಿ ಅಚ್ಚಾಗಿ ನಿಂತಿದೆ ಎಂಬುದನ್ನು ಮರೆಯಲಾಗದು.

ಈ ಭಾವವನ್ನೇ ಒರೆಗಲ್ಲಾಗಿಟ್ಟುಕೊಂಡು ದೂರದ ಅಮೆರಿಕೆಯ ಅಧ್ಯಕ್ಷರೊಬ್ಬರ ನಾಲ್ಕು ಮಾತುಗಳನ್ನು ತಿಕ್ಕಿ ನೋಡುವುದು ಈ ಸಲದ ಉದ್ದೇಶ. ಅವರೇ ರಿಚರ್ಡ್ ನಿಕ್ಸನ್. ಅಮೆರಿಕೆಯ ಇತಿಹಾಸದಲ್ಲಿ ಅಧ್ಯಕ್ಷ ಪದವಿಗೆ ರಾಜೀನಾಮೆ ಕೊಟ್ಟವರು ಅವರೊಬ್ಬರೇ. ಅಧಿಕಾರದ ಬಗ್ಗೆ ಅತಿ ಸುಂದರವಾದ ಮಾತನ್ನೂ ಅತಿ ಭಯಂಕರವಾದ ಮಾತನ್ನೂ ಒಂದೇ ನಾಲಿಗೆಯಿಂದ ಆಡಿದವರಾದ್ದರಿಂದ ಅವರ ಜೀವನ ಪಾಠಕ್ಕೆ ಯೋಗ್ಯವಾಗಿದೆ.

ನಿಕ್ಸನ್ನರು 1913ರಲ್ಲಿ ಕ್ಯಾಲಿಫೋರ್ನಿಯಾದ ಸಾಮಾನ್ಯ ಕುಟುಂಬದಲ್ಲಿ ಹುಟ್ಟಿದರು. ತಂದೆ ನಿಂಬೆಯ ತೋಟ ಮಾಡಿ ಕೈಸುಟ್ಟುಕೊಂಡವರು. ತಾಯಿ ಕ್ವೇಕರ್ ಪಂಥದ ದೈವಭಕ್ತೆ. ಓದಿ ವಕೀಲರಾಗಿ, ಉಪಾಧ್ಯಕ್ಷರಾಗಿ, 1960ರಲ್ಲಿ ಕೆನೆಡಿಯವರೆದುರು ಅಲ್ಪ ಅಂತರದಿಂದ ಸೋತು, 1962ರಲ್ಲಿ ತಮ್ಮ ರಾಜ್ಯದ ಗವರ್ನರ್ ಚುನಾವಣೆಯಲ್ಲಿಯೂ ಸೋತು, ಇನ್ನು ಇವರ ಕಥೆ ಮುಗಿಯಿತೆಂದು ಲೋಕ ಭಾವಿಸಿದ್ದಾಗ 1968ರಲ್ಲಿ ಗೆದ್ದು ಅಧ್ಯಕ್ಷರಾದರು. 1972ರಲ್ಲಿ ಚೀನಕ್ಕೆ ಹೋಗಿ ಎರಡು ದಶಕಗಳ ಮೌನವನ್ನು ಮುರಿದರು. ಅದೇ ವರ್ಷದ ಚುನಾವಣೆಯಲ್ಲಿ 50 ರಾಜ್ಯಗಳ ಪೈಕಿ 49ನ್ನು ಗೆದ್ದರು. ಇಷ್ಟು ಎತ್ತರಕ್ಕೆ ಏರಿದವರು ಎರಡೇ ವರ್ಷದಲ್ಲಿ ಹೇಗೆ ಇಳಿದರೆಂಬುದನ್ನು ಅವರ ಮಾತುಗಳೇ ಹೇಳುತ್ತವೆ.

ಮೊದಲನೆಯ ಮಾತು

1969ರ ಜನವರಿ 20ರಂದು ಪ್ರಮಾಣವಚನ ಸ್ವೀಕರಿಸಿ ಅವರು ಆಡಿದ ಮಾತಿನ ತಾತ್ಪರ್ಯವಿದು: ಒಬ್ಬರ ಮೇಲೊಬ್ಬರು ಕೂಗಾಡುವುದನ್ನು ನಿಲ್ಲಿಸುವ ತನಕ ನಾವು ಒಬ್ಬರಿಂದೊಬ್ಬರು ಏನನ್ನೂ ಕಲಿಯಲಾರೆವು, ದನಿಯಷ್ಟೇ ಅಲ್ಲದೆ ಮಾತೂ ಕೇಳಿಸುವಷ್ಟು ಮೆಲ್ಲಗೆ ನುಡಿಯಬೇಕು. ವಿಯೆಟ್ನಾಂ ಯುದ್ಧದಿಂದಲೂ ಬೀದಿಯ ಗಲಭೆಗಳಿಂದಲೂ ದೇಶ ಬೆಂದು ಹೋಗಿದ್ದ ಕಾಲವದು. ಮಾತು ಸಮಯೋಚಿತವಾಗಿತ್ತು. ನಮ್ಮ ಮನೆಮನೆಯ ಪಡಸಾಲೆಯಲ್ಲಿ ಬರೆದು ತೂಗುಹಾಕಲು ತಕ್ಕ ಮಾತು.

ಆದರೆ ನಡೆ ಹೇಗಿತ್ತು? 1971ರಲ್ಲಿ ಬಂಗಾಳದ ನಿರಾಶ್ರಿತರು ಲಕ್ಷಲಕ್ಷವಾಗಿ ಭಾರತಕ್ಕೆ ಬಂದರು. ಆಗ ನಿಕ್ಸನ್ನರು ಪಾಕಿಸ್ತಾನದ ಸೈನಿಕ ಆಡಳಿತದ ಪಕ್ಷ ವಹಿಸಿದರು. ಡಿಸೆಂಬರಿನ ಯುದ್ಧದಲ್ಲಿ ತಮ್ಮ ಏಳನೆಯ ನೌಕಾಪಡೆಯಿಂದ ವಿಮಾನವಾಹಕ ಹಡಗನ್ನು ಬಂಗಾಳ ಕೊಲ್ಲಿಗೆ ಕಳಿಸಿದರು. ಆ ದಿನಗಳಲ್ಲಿ ಕೋಣೆಯೊಳಗೆ ಕುಳಿತು ನಮ್ಮ ಪ್ರಧಾನಿ ಇಂದಿರಾ ಗಾಂಧಿಯವರನ್ನು ಕುರಿತು ಆಡಿದ ಹೀನ ಮಾತುಗಳು 2005ರಲ್ಲಿ ದಾಖಲೆಗಳಾಗಿ ಹೊರಬಂದವು. ಸಭೆಯಲ್ಲಿ ಮೆಲುದನಿಯ ಉಪದೇಶ, ಕದ ಮುಚ್ಚಿದ ಮೇಲೆ ಬೈಗುಳ. ಇಲ್ಲಿ ಸೂಕ್ತಿ ಸುಳ್ಳಲ್ಲ. ಸೂಕ್ತಿ ಆಡಿದವರು ಅದನ್ನು ತಮಗೆ ಅನ್ವಯಿಸಿಕೊಳ್ಳಲಿಲ್ಲ ಅಷ್ಟೇ.

ಎರಡನೆಯ ಮಾತು

1972ರ ಜೂನ್ 17ರ ಬೆಳಗಿನ ಜಾವ ವಾಷಿಂಗ್ಟನ್ನಿನ ವಾಟರ್‌ಗೇಟ್ ಕಟ್ಟಡದಲ್ಲಿ ಐವರು ಸಿಕ್ಕಿಬಿದ್ದರು. ಅವರು ಹೊಕ್ಕದ್ದು ವಿರೋಧ ಪಕ್ಷದ ಕಚೇರಿಗೆ. ಉದ್ದೇಶ ಕದ್ದು ಕೇಳುವ ಯಂತ್ರಗಳನ್ನು ಅಳವಡಿಸುವುದು. ಎಳೆ ಎಳೆಯಾಗಿ ಬಿಚ್ಚಿದಾಗ ಅದರ ತುದಿ ಅಧ್ಯಕ್ಷರ ಕಚೇರಿಯವರೆಗೆ ಹೋಯಿತು. 1973ರ ನವೆಂಬರ್ 17ರಂದು ಪತ್ರಿಕಾ ಸಂಪಾದಕರ ಮುಂದೆ ನಿಕ್ಸನ್ನರು ಹೇಳಿದರು: ತಮ್ಮ ಅಧ್ಯಕ್ಷನು ಮೋಸಗಾರನೋ ಅಲ್ಲವೋ ಎಂಬುದು ಜನರಿಗೆ ಗೊತ್ತಾಗಬೇಕು, ನಾನು ಮೋಸಗಾರನಲ್ಲ.

ಈ ಮಾತಿನ ಪೂರ್ವಾರ್ಧ ಅಪ್ಪಟ ಚಿನ್ನ. ಜನರಿಗೆ ಗೊತ್ತಾಗಬೇಕು ಎಂಬುದಕ್ಕಿಂತ ಮಿಗಿಲಾದ ಪ್ರಜಾಪ್ರಭುತ್ವದ ಸೂತ್ರ ಬೇರೊಂದಿಲ್ಲ. ಗೊತ್ತಾಗುವ ದಾರಿಯೂ ಇತ್ತು. ನಿಕ್ಸನ್ನರು ತಮ್ಮ ಕಚೇರಿಯ ಮಾತುಕತೆಗಳನ್ನೆಲ್ಲ 1971ರಿಂದಲೇ ಗುಟ್ಟಾಗಿ ಧ್ವನಿಮುದ್ರಿಸಿಟ್ಟಿದ್ದರು. ಆ ಟೇಪುಗಳನ್ನು ಕೊಡಿರೆಂದು ತನಿಖೆಗಾರರು ಕೇಳಿದರು, ಅವರು ಕೊಡಲಿಲ್ಲ. ಕೇಳಿದ ವಿಶೇಷ ತನಿಖಾಧಿಕಾರಿಯನ್ನೇ ತೆಗೆಸಿದರು. ಕೊಟ್ಟ ಒಂದು ಟೇಪಿನಲ್ಲಿ ಹದಿನೆಂಟೂವರೆ ನಿಮಿಷಗಳ ಮಾತು ಅಳಿಸಿಹೋಗಿತ್ತು. 1974ರ ಜುಲೈ 24ರಂದು ಸರ್ವೋಚ್ಚ ನ್ಯಾಯಾಲಯದ ಎಂಟು ನ್ಯಾಯಮೂರ್ತಿಗಳು ಒಮ್ಮತದಿಂದ ಟೇಪುಗಳನ್ನು ಒಪ್ಪಿಸಬೇಕೆಂದು ಆಜ್ಞೆ ಮಾಡಿದರು. ಆ ಎಂಟು ಮಂದಿಯಲ್ಲಿ ಮೂವರು ನಿಕ್ಸನ್ನರೇ ನೇಮಿಸಿದವರು. ಉಪ್ಪಿನ ಋಣಕ್ಕಿಂತ ನ್ಯಾಯದ ಋಣ ದೊಡ್ಡದೆಂದು ಅವರು ತೋರಿಸಿದರು. ಟೇಪು ಹೊರಬಂದಿತು, ಕಳ್ಳತನವಾದ ಆರೇ ದಿನಕ್ಕೆ ತನಿಖೆಯನ್ನು ತಡೆಯಲು ಅಧ್ಯಕ್ಷರೇ ಒಪ್ಪಿಗೆ ಕೊಟ್ಟದ್ದು ಅವರದೇ ದನಿಯಲ್ಲಿ ಕೇಳಿಸಿತು. ಆಗಸ್ಟ್ 8ರಂದು ಅವರು ರಾಜೀನಾಮೆಯನ್ನು ಸಾರಿದರು.

ಇಲ್ಲಿ ನಮ್ಮ ಕಲ್ಯಾಣದ ಪ್ರಸಂಗವೊಂದು ತಾನಾಗಿಯೇ ನೆನಪಿಗೆ ಬರುತ್ತದೆ. ಬಸವಣ್ಣನವರು ಬಿಜ್ಜಳನ ಭಂಡಾರಿಗಳಾಗಿದ್ದರೆಂಬುದು ಎಲ್ಲರಿಗೂ ತಿಳಿದದ್ದು. ಅರಸನ ಹೊನ್ನನ್ನು ಜಂಗಮ ದಾಸೋಹಕ್ಕೆ ಸುರಿಯುತ್ತಿದ್ದಾರೆಂದು ಚಾಡಿಕೋರರು ದೂರಿತ್ತರು. ಲೆಕ್ಕ ನೋಡಬೇಕೆಂದು ಅರಸನು ಬಂದನು. ಭಂಡಾರವನ್ನು ತೆರೆದು ಎಣಿಸಿದಾಗ ಒಂದು ಹೊನ್ನೂ ಕಡಮೆಯಾಗಿರಲಿಲ್ಲವೆಂದು ಶರಣ ಪುರಾಣಗಳು ವರ್ಣಿಸುತ್ತವೆ. ಪುರಾಣಕಾರರು ಇದನ್ನು ಪವಾಡವೆಂದು ಹೇಳಿದರು. ಪವಾಡದ ಮಾತು ಹಾಗಿರಲಿ. ಪ್ರಸಂಗದ ತಿರುಳನ್ನು ಗಮನಿಸಿರಿ. ದೂರು ಬಂದಾಗ ಬಸವಣ್ಣನವರು ಭಂಡಾರದ ಬೀಗದ ಕೈ ಬಚ್ಚಿಡಲಿಲ್ಲ. ದೂರಿದವರ ಬಾಯಿ ಕಟ್ಟಲಿಲ್ಲ. ನನ್ನಂಥ ಭಕ್ತನನ್ನು ಸಂಶಯಿಸುವಿರಾ ಎಂದು ಕೇಳಲೂ ಇಲ್ಲ. ತೆರೆದು ತೋರಿಸಿದರು. ನಾನು ಮೋಸಗಾರನಲ್ಲ ಎಂಬ ಮಾತನ್ನು ಬಾಯಿ ಹೇಳಬೇಕಾಗಿಲ್ಲ, ಎಣಿಸಿದ ಹೊನ್ನು ಹೇಳುತ್ತದೆ. ಭಂಡಾರವನ್ನು ತೆರೆದು ತೋರಿಸಿದವರ ಮಾತು ಎಂಟು ನೂರು ವರ್ಷ ಬಾಳಿತು. ಟೇಪನ್ನು ಬಚ್ಚಿಟ್ಟವರ ಮಾತು ನಗೆಗೀಡಾಯಿತು.

ಮೂರನೆಯ ಮಾತು

ಅಧಿಕಾರ ಹೋಗಿ ಮೂರು ವರ್ಷಗಳಾದ ಮೇಲೆ, 1977ರಲ್ಲಿ, ಡೇವಿಡ್ ಫ್ರಾಸ್ಟ್ ಎಂಬ ಬ್ರಿಟಿಷ್ ಸಂದರ್ಶಕರು ನಿಕ್ಸನ್ನರನ್ನು ದೂರದರ್ಶನಕ್ಕಾಗಿ ಮಾತನಾಡಿಸಿದರು. ದೇಶದ ಹಿತಕ್ಕೆಂದು ಅಧ್ಯಕ್ಷನು ಕಾನೂನು ಮೀರಬಹುದೇ ಎಂಬ ಪ್ರಶ್ನೆಗೆ ಬಂದ ಉತ್ತರವನ್ನು ಲೋಕ ಇನ್ನೂ ಮರೆತಿಲ್ಲ: ಅಧ್ಯಕ್ಷನೇ ಮಾಡಿದನೆಂದರೆ ಅದು ಕಾನೂನುಬಾಹಿರವಲ್ಲ ಎಂದೇ ಅರ್ಥ.

ಇದು ಹಳೆಯ ಅರಸರ ಮಾತು. ಪೀಠದಲ್ಲಿ ಕುಳಿತವನ ಇಚ್ಛೆಯೇ ಧರ್ಮವೆಂಬ ಮಾತು. ಕಲ್ಯಾಣದಲ್ಲಿ ಹರಳಯ್ಯ ಮಧುವರಸರಿಗೆ ಘೋರ ಶಿಕ್ಷೆ ವಿಧಿಸಿದಾಗ ಬಿಜ್ಜಳನ ಬೆನ್ನಿಗಿದ್ದದ್ದೂ ಇದೇ ಮಾತಲ್ಲವೇ? ಅರಸನು ಮಾಡಿದ್ದರಿಂದ ಅದು ಅನ್ಯಾಯವಲ್ಲವೆಂದು ಆಸ್ಥಾನ ಹೇಳಿರಬಹುದು. ನಾಡು ಹಾಗೆ ಹೇಳಲಿಲ್ಲ. ಕಲ್ಯಾಣ ಹಾಳಾಯಿತು.

ನಿಕ್ಸನ್ನರ ಈ ಮಾತು ಪ್ರಸಾರವಾದದ್ದು 1977ರ ಮೇ ತಿಂಗಳಲ್ಲಿ. ಅದೇ ಹೊತ್ತಿಗೆ ದೆಹಲಿಯ ರಾಷ್ಟ್ರಪತಿ ಭವನದಲ್ಲಿ ಇದ್ದವರು ಜಮಖಂಡಿ ತಾಲ್ಲೂಕಿನ ಸಾವಳಗಿಯ ನಮ್ಮ ಬಿ.ಡಿ. ಜತ್ತಿಯವರು. ಮೈಸೂರು ರಾಜ್ಯದ ಮುಖ್ಯಮಂತ್ರಿಗಳಾಗಿದ್ದ ಅವರು, 1964ರಲ್ಲಿ ಬಸವ ಸಮಿತಿಯನ್ನು ಸ್ಥಾಪಿಸಿದವರು, ಉಪರಾಷ್ಟ್ರಪತಿಗಳಾಗಿದ್ದರು. ಫಕ್ರುದ್ದೀನ್ ಅಲಿ ಅಹಮದರ ಮರಣಾನಂತರ ಆ ವರ್ಷದ ಫೆಬ್ರವರಿಯಿಂದ ಜುಲೈವರೆಗೆ ಹಂಗಾಮಿ ರಾಷ್ಟ್ರಪತಿಗಳಾದರು. ಒಂಬತ್ತು ರಾಜ್ಯಗಳ ವಿಧಾನಸಭೆಗಳನ್ನು ವಿಸರ್ಜಿಸಬೇಕೆಂದು ಏಪ್ರಿಲ್ ಕೊನೆಯಲ್ಲಿ ಹೊಸ ಜನತಾ ಸರ್ಕಾರ ಸಲಹೆ ಮಾಡಿದಾಗ ಅವರು ಒಡನೆಯೇ ಸಹಿ ಹಾಕದೆ ತಡೆದರು. ಆದರೆ ಸಂಪುಟದ ಸಲಹೆಗೆ ರಾಷ್ಟ್ರಪತಿ ಬದ್ಧರೆಂಬ ಸಂವಿಧಾನದ ಮಾತಿಗೆ ತಲೆಬಾಗಿ ಮಾರನೆಯ ದಿನವೇ ಸಹಿ ಹಾಕಿದರು. ತಡೆದದ್ದು ಸರಿಯೇ, ಆ ಸಲಹೆ ಸರಿಯೇ ಎಂಬ ವಾದ ಇಂದಿಗೂ ಮುಗಿದಿಲ್ಲ. ಆದರೆ ರಾಷ್ಟ್ರಪತಿಯಾದ ನಾನು ಮಾಡಿದ್ದೇ ಕಾನೂನು ಎಂದು ಅವರು ಹೇಳಲಿಲ್ಲ ಎಂಬುದಂತೂ ನಿರ್ವಿವಾದ.

ಆ ಪ್ರಶ್ನೆಗೆ ಸ್ಪಷ್ಟವಾದ ಉತ್ತರವನ್ನು ಬರೆಸಿದ ಕೀರ್ತಿಯೂ ಕರ್ನಾಟಕದ್ದೇ. ದೂರವಾಣಿ ಕದ್ದಾಲಿಕೆಯ ಆರೋಪ ಬಂದಾಗ 1988ರ ಆಗಸ್ಟಿನಲ್ಲಿ ಮುಖ್ಯಮಂತ್ರಿ ರಾಮಕೃಷ್ಣ ಹೆಗಡೆಯವರು ರಾಜೀನಾಮೆ ಕೊಟ್ಟರು. ಅವರ ತರುವಾಯ ಎಸ್.ಆರ್. ಬೊಮ್ಮಾಯಿಯವರು ಅಧಿಕಾರಕ್ಕೆ ಬಂದರು. 1989ರ ಏಪ್ರಿಲಿನಲ್ಲಿ ಪಕ್ಷ ಬಿಟ್ಟ ಶಾಸಕರೊಬ್ಬರು ತಮ್ಮ ಪತ್ರದೊಡನೆ ಇನ್ನೂ ಹತ್ತೊಂಬತ್ತು ಪತ್ರಗಳನ್ನು ರಾಜ್ಯಪಾಲರಿಗೆ ಒಪ್ಪಿಸಿ, ಸರ್ಕಾರಕ್ಕೆ ಬಹುಮತವಿಲ್ಲವೆಂದರು. ಆ ಹತ್ತೊಂಬತ್ತು ಮಂದಿಯಲ್ಲಿ ಏಳು ಮಂದಿ, ತಮ್ಮ ಸಹಿಯನ್ನು ತಪ್ಪು ಹೇಳಿ ಪಡೆಯಲಾಗಿದೆ, ನಾವು ಸರ್ಕಾರದ ಜೊತೆಗೇ ಇದ್ದೇವೆ ಎಂದು ಮರುಪತ್ರ ಬರೆದರು. ವಿಧಾನಸಭೆಯ ಅಧಿವೇಶನವನ್ನು ಬೇಗನೆ ಕರೆಯುತ್ತೇನೆ, ಸದನದಲ್ಲಿಯೇ ಎಣಿಸಿ ನೋಡಿರಿ ಎಂದು ಬೊಮ್ಮಾಯಿಯವರು ಕೇಳಿಕೊಂಡರು. ಆ ಮಾತಿಗೆ ಬೆಲೆ ಸಿಗಲಿಲ್ಲ. ರಾಜ್ಯಪಾಲ ಪಿ. ವೆಂಕಟಸುಬ್ಬಯ್ಯನವರ ವರದಿಯ ಮೇಲೆ ಏಪ್ರಿಲ್ 21ರಂದು ರಾಷ್ಟ್ರಪತಿ ಆಡಳಿತ ಬಂದು ಸರ್ಕಾರ ಬಿದ್ದಿತು.

ರಾಷ್ಟ್ರಪತಿಗಳ ಘೋಷಣೆಯನ್ನು ಪ್ರಶ್ನಿಸುವುದುಂಟೇ ಎಂದು ಅನೇಕರು ನಕ್ಕಿರಬಹುದು. ಬೊಮ್ಮಾಯಿಯವರು ಪ್ರಶ್ನಿಸಿದರು. ಕರ್ನಾಟಕ ಉಚ್ಚ ನ್ಯಾಯಾಲಯದಲ್ಲಿ ಸೋತರು. ಸರ್ವೋಚ್ಚ ನ್ಯಾಯಾಲಯಕ್ಕೆ ಹೋದರು. 1994ರ ಮಾರ್ಚ್ 11ರಂದು ಒಂಬತ್ತು ನ್ಯಾಯಮೂರ್ತಿಗಳ ಪೀಠ ತೀರ್ಪಿತ್ತಿತು. ಸರ್ಕಾರಕ್ಕೆ ಬಹುಮತವಿದೆಯೋ ಇಲ್ಲವೋ ಎಂಬುದು ರಾಜಭವನದ ಕೋಣೆಯಲ್ಲಿ ಅಲ್ಲ, ಸದನದಲ್ಲಿ ತೀರ್ಮಾನವಾಗಬೇಕು. ರಾಷ್ಟ್ರಪತಿಗಳ ಘೋಷಣೆಯನ್ನೂ ನ್ಯಾಯಾಲಯ ಪರಿಶೀಲಿಸಬಹುದು. ಸಂಸತ್ತು ಒಪ್ಪುವ ಮುನ್ನ ವಿಧಾನಸಭೆಯನ್ನು ವಿಸರ್ಜಿಸಲಾಗದು. ಅಂದಿನಿಂದ ದೇಶದ ಯಾವ ರಾಜ್ಯದಲ್ಲಿ ಸರ್ಕಾರ ಅಲುಗಾಡಿದರೂ ಬೊಮ್ಮಾಯಿ ತೀರ್ಪು ಎಂಬ ಮಾತು ಕೇಳಿಬರುತ್ತದೆ. ಬೊಮ್ಮಾಯಿಯವರಿಗೆ ಮುಖ್ಯಮಂತ್ರಿ ಪದವಿ ಮರಳಿ ಸಿಗಲಿಲ್ಲ. ತನಗೆ ಸಿಗದ ನ್ಯಾಯವನ್ನು ಮುಂದಿನವರಿಗೆ ಸಿಗುವಂತೆ ಮಾಡಿದರು. ಸದನದಲ್ಲಿ ಎಣಿಸಿ ನೋಡಿರಿ ಎಂಬ ಅವರ ಬೇಡಿಕೆಗೂ ಭಂಡಾರವನ್ನು ಎಣಿಸಿ ನೋಡಿರಿ ಎಂಬ ಕಲ್ಯಾಣದ ಪ್ರಸಂಗಕ್ಕೂ ಒಂದೇ ಜೀವಾಳ.

ಆ ತೀರ್ಪು ಬಂದ ಆರು ವಾರಗಳಿಗೆ, 1994ರ ಏಪ್ರಿಲ್ 22ರಂದು, ನಿಕ್ಸನ್ನರು ತೀರಿಕೊಂಡರು. ಆದರೆ ಅವರ ಮೂರನೆಯ ಮಾತು ತೀರಲಿಲ್ಲ. 2024ರ ಜುಲೈ 1ರಂದು ಡೊನಾಲ್ಡ್ ಟ್ರಂಪ್ ಅವರ ಪ್ರಕರಣದಲ್ಲಿ ಅಮೆರಿಕೆಯ ಸರ್ವೋಚ್ಚ ನ್ಯಾಯಾಲಯವು ಆರು ಮೂರರ ಬಹುಮತದಿಂದ ಬೇರೆ ದಾರಿ ಹಿಡಿಯಿತು. ಸಂವಿಧಾನವು ಅಧ್ಯಕ್ಷನೊಬ್ಬನಿಗೇ ಕೊಟ್ಟ ಮೂಲಾಧಿಕಾರಗಳ ಬಳಕೆಗೆ ಕ್ರಿಮಿನಲ್ ವಿಚಾರಣೆಯಿಂದ ಪೂರ್ಣ ರಕ್ಷಣೆಯುಂಟು, ಉಳಿದ ಅಧಿಕೃತ ಕಾರ್ಯಗಳಿಗೆ ರಕ್ಷಣೆ ಉಂಟೆಂದೇ ಮೊದಲು ಭಾವಿಸಬೇಕು, ಖಾಸಗಿ ಕಾರ್ಯಗಳಿಗೆ ಮಾತ್ರ ಇಲ್ಲ ಎಂದು ಹೇಳಿತು. ಹೀಗಾದರೆ ಅಧ್ಯಕ್ಷನು ಕಾನೂನಿಗೆ ಮೇಲಾದ ಅರಸನಾಗುವನೆಂದು ಭಿನ್ನಮತದ ಮೂವರು ನ್ಯಾಯಮೂರ್ತಿಗಳು ಎಚ್ಚರಿಸಿದರು. ಜಗತ್ತಿನ ಹಳೆಯ ಪ್ರಜಾಪ್ರಭುತ್ವದಲ್ಲಿಯೇ ಇನ್ನೂ ಇತ್ಯರ್ಥವಾಗದ ಪ್ರಶ್ನೆಯಿದು ಎಂದಮೇಲೆ ನಾವು ಮೈಮರೆತು ಕೂಡುವಂತಿಲ್ಲ.

ನಾಲ್ಕನೆಯ ಮಾತು

ಕಾಲಕ್ರಮದಲ್ಲಿ ಇದು ಮೂರನೆಯದು. ಕೊನೆಗೆ ಹೇಳತಕ್ಕ ಮಾತಾದ್ದರಿಂದ ಇಲ್ಲಿಗೆ ಉಳಿಸಿಕೊಂಡಿದ್ದೇನೆ. 1974ರ ಆಗಸ್ಟ್ 9ರ ಬೆಳಿಗ್ಗೆ, ಶ್ವೇತಭವನವನ್ನು ಬಿಡುವ ಮುನ್ನ, ನಿಕ್ಸನ್ನರು ತಮ್ಮ ಸಿಬ್ಬಂದಿಯ ಮುಂದೆ ನಿಂತರು. ಹೆಂಡತಿ ಮಕ್ಕಳು ಪಕ್ಕದಲ್ಲಿದ್ದರು. ಬಡತನದ ತಂದೆಯನ್ನು ನೆನೆದರು. ಕ್ಷಯರೋಗದಿಂದ ಸಾಯುತ್ತಿದ್ದ ಮಗನನ್ನು ಉಳಿಸಲು ಪರಊರಿನಲ್ಲಿ ನಿಂತು, ಅದೇ ರೋಗದ ಬೇರೆ ಹುಡುಗರಿಗೂ ಆರೈಕೆ ಮಾಡಿದ ತಾಯಿಯನ್ನು ನೆನೆದು, ಆಕೆಯ ಬಗ್ಗೆ ಯಾರೂ ಪುಸ್ತಕ ಬರೆಯಲಾರರು, ಆದರೆ ಆಕೆ ಸಂತಳು ಎಂದರು. ಬಳಿಕ ಹೇಳಿದರು: ಇತರರು ನಿಮ್ಮನ್ನು ದ್ವೇಷಿಸಬಹುದು, ಆದರೆ ನೀವೂ ಅವರನ್ನು ದ್ವೇಷಿಸದ ಹೊರತು ಅವರು ಗೆಲ್ಲಲಾರರು, ನೀವು ದ್ವೇಷಿಸಿದಿರೋ, ನಿಮ್ಮನ್ನು ನೀವೇ ನಾಶ ಮಾಡಿಕೊಳ್ಳುತ್ತೀರಿ.

ಇದನ್ನು ಆಡಿದವರು ತಮ್ಮ ಆಡಳಿತದಲ್ಲಿ ವೈರಿಗಳ ಹೆಸರುಗಳ ಪಟ್ಟಿ ಮಾಡಿಸಿದವರು. ಆ ಪಟ್ಟಿ 1973ರಲ್ಲಿಯೇ ಬಯಲಾಗಿತ್ತು. ಪತ್ರಕರ್ತರನ್ನು, ವಿರೋಧಿಗಳನ್ನು ಹಗೆಗಳೆಂದು ಎಣಿಸಿದ್ದರಿಂದಲೇ ಕದ್ದು ಕೇಳುವ ಕೆಲಸಕ್ಕೆ ಅವರ ಕಡೆಯವರು ಇಳಿದದ್ದು. ಹಾಗಿದ್ದರೂ ಈ ನಾಲ್ಕನೆಯ ಮಾತು ಉಳಿದ ಮೂರರಂತಲ್ಲ. ಪೀಠ ಏರುವಾಗ ಆಡಿದ ಮಾತು ಅಲಂಕಾರವಾಗಿತ್ತು. ಪೀಠ ಉಳಿಸಿಕೊಳ್ಳಲು ಆಡಿದ್ದು ಮರೆಯಾಗಿತ್ತು. ಪೀಠ ಹೋದ ಮೇಲೆ ಆಡಿದ್ದು ಹಮ್ಮಾಗಿತ್ತು. ಇಳಿಯುವ ಕ್ಷಣದಲ್ಲಿ ಆಡಿದ್ದು ಮಾತ್ರ ಅನುಭವ. ತನಗೆ ತಾನೇ ಲೆಕ್ಕ ಒಪ್ಪಿಸಿದ ಒಂದು ಗಳಿಗೆಯಾದರೂ ಅವರ ಬಾಳಿನಲ್ಲಿ ಬಂದಿತೆಂದು ಅದರಿಂದ ತಿಳಿಯುತ್ತದೆ. ಅದು ಬಹಳ ತಡವಾಗಿ ಬಂದಿತು, ಹೆಚ್ಚು ಹೊತ್ತು ನಿಲ್ಲಲೂ ಇಲ್ಲ.

ನಮ್ಮ ಮನೆಗಳಿಗೆ ಇದರಿಂದ ಏನು ಪ್ರಯೋಜನವೆಂದು ತಾಯಂದಿರು ಕೇಳಬಹುದು. ಅಧಿಕಾರವೆಂಬುದು ವಾಷಿಂಗ್ಟನ್ನಿನಲ್ಲಿ, ದೆಹಲಿಯಲ್ಲಿ, ಬೆಂಗಳೂರಿನಲ್ಲಿ ಮಾತ್ರ ಇರುವುದಲ್ಲ. ಮೋರಖಂಡಿಯಂಥ ಪ್ರತಿಯೊಂದು ಊರಿನಲ್ಲಿ ಗ್ರಾಮ ಪಂಚಾಯತಿ ಇದೆ. ಜಾತ್ರೆಗೆ ಪಟ್ಟಿ ಎತ್ತುವ ಹಿರಿಯರಿದ್ದಾರೆ. ಗುಡಿಯ, ಶಾಲೆಯ, ಮಠದ ಸಮಿತಿಗಳಿವೆ. ತಾಯಂದಿರ ಸ್ವಸಹಾಯ ಸಂಘಗಳಿವೆ. ಜಾತ್ರೆ ಮುಗಿದು ತಿಂಗಳಾದರೂ ಲೆಕ್ಕ ಬಾರದಿದ್ದಾಗ ಕೇಳಲು ಹೋದ ಹುಡುಗನಿಗೆ, ನಮ್ಮನ್ನೇ ಕೇಳುವಷ್ಟು ದೊಡ್ಡವನಾದೆಯಾ ಎಂಬ ಉತ್ತರ ಸಿಗುವ ಊರುಗಳು ಇಲ್ಲವೇ? ನಿಕ್ಸನ್ನರು ಸಂದರ್ಶಕನಿಗೆ ಹೇಳಿದ ಮಾತಿಗೂ ಈ ಮಾತಿಗೂ ಭಾಷೆಯಷ್ಟೇ ವ್ಯತ್ಯಾಸ. ಹಣ ತಿಂದಿರಲಿಕ್ಕಿಲ್ಲ, ಬಹುಪಾಲು ತಿಂದೂ ಇರುವುದಿಲ್ಲ. ಆದರೆ ತೋರಿಸದ ಲೆಕ್ಕ ಪ್ರಾಮಾಣಿಕನನ್ನೂ ಸಂಶಯಕ್ಕೆ ಈಡುಮಾಡುತ್ತದೆ. ಆ ಸಂಶಯದಿಂದ ಊರು ಎರಡು ಪಂಗಡವಾಗುತ್ತದೆ, ಮುಂದಿನ ವರ್ಷದ ತೇರು ಎಳೆಯುವ ಕೈಗಳು ಕಡಮೆಯಾಗುತ್ತವೆ. ಹಣಕ್ಕಿಂತ ದೊಡ್ಡ ನಷ್ಟವಿದು.

ಇದಕ್ಕೆ ಪರಿಹಾರ ಕಷ್ಟದ್ದಲ್ಲ. ಪಟ್ಟಿ ಎತ್ತಿದ ಸಮಿತಿ ಜಾತ್ರೆ ಮುಗಿದ ಹದಿನೈದು ದಿನದೊಳಗೆ ಜಮಾ ಖರ್ಚನ್ನು ಬರೆದು ಗುಡಿಯ ಗೋಡೆಗೆ ಅಂಟಿಸಲಿ. ಸಂಘದ ಪುಸ್ತಕವನ್ನು ಓದಲು ಬಾರದ ಸದಸ್ಯೆಗೂ ಓದಿ ಹೇಳಲಿ. ಉದ್ಯೋಗ ಖಾತರಿಯಂಥ ಕಾಮಗಾರಿಯ ಲೆಕ್ಕವನ್ನು ಗ್ರಾಮಸಭೆಯಲ್ಲಿ ಕೇಳುವುದೂ, 2005ರ ಮಾಹಿತಿ ಹಕ್ಕಿನ ಕಾನೂನಿನಂತೆ ಕಾಗದ ಕೇಳುವುದೂ ಜಗಳವಲ್ಲ, ಹಕ್ಕು ಎಂಬುದನ್ನು ಹಿರಿಯರು ಒಪ್ಪಲಿ. ಕೇಳುವವರೂ ದ್ವೇಷದಿಂದ ಕೇಳದಿರಲಿ. ಮೆಲ್ಲಗೆ, ಮಾತು ಕೇಳಿಸುವಂತೆ ಕೇಳಲಿ. ಈ ಎರಡನ್ನು ಹೇಳಿದವರು ನಿಕ್ಸನ್ನರೇ. ಆಡಿದವರು ಪಾಲಿಸಲಿಲ್ಲವೆಂದು ಮಾತು ಕೆಡುವುದಿಲ್ಲ, ಪಾಲಿಸುವವರಿಗಾಗಿ ಅದು ಕಾದಿರುತ್ತದೆ.

ಮನೆಯೊಳಗೂ ಇದೇ ನ್ಯಾಯ. ಹಿರಿಯ ಮಗನು ಹೊಲದ ಆದಾಯವನ್ನು ತಮ್ಮಂದಿರ ಮುಂದೆ ತಾನಾಗಿಯೇ ಹೇಳಿದರೆ ಮನೆ ಒಡೆಯುವುದಿಲ್ಲ. ತಂದೆಯು ಸಾಲ ಮಾಡಿದ್ದನ್ನು ತಾಯಿಗೆ ತಿಳಿಸಿದರೆ ಆಕೆ ಅದನ್ನು ತೀರಿಸುವ ದಾರಿ ಹುಡುಕುತ್ತಾಳೆ. ಯಜಮಾನಿಕೆ ಎಂದರೆ ಪ್ರಶ್ನೆಗೆ ಮೇಲಾಗಿರುವುದಲ್ಲ, ಮೊದಲು ಉತ್ತರ ಕೊಡುವುದು. ಮೊಬೈಲಿನಲ್ಲಿ ನಾಳೆಯೂ ಯಾರದೋ ಸೂಕ್ತಿ ಬರುತ್ತದೆ. ಅದನ್ನು ಮತ್ತೊಬ್ಬರಿಗೆ ಕಳಿಸುವ ಮುನ್ನ, ಆಡಿದವರು ತಮ್ಮ ಲೆಕ್ಕವನ್ನು ಜನರ ಮುಂದೆ ತೆರೆದಿಟ್ಟಿದ್ದರೇ ಎಂದು ಒಮ್ಮೆ ಕೇಳಿಕೊಳ್ಳಿರಿ. ಆಮೇಲೆ ನಮ್ಮ ಲೆಕ್ಕದ ಪುಸ್ತಕ ಎಲ್ಲಿದೆ ಎಂದು ಹುಡುಕಿರಿ.